ಪಾನಕದ ಲೆಕ್ಕ, ಮೈಲುತುತ್ತದ ಪಾಠ

ಏಳನೆಯ ತರಗತಿಯ ಕಪ್ಪುಹಲಗೆಯ ಮೇಲೆ ನಾನು ಬರೆದಿದ್ದ ಲೆಕ್ಕ ಇಷ್ಟೇ: ಶೇಕಡ 20 ಬೆಲ್ಲವಿರುವ ಪಾನಕ 6 ಕಿಲೊ, ಶೇಕಡ 50 ಬೆಲ್ಲವಿರುವ ಪಾನಕ 4 ಕಿಲೊ. ಎರಡನ್ನೂ ಒಂದೇ ಹಂಡೆಗೆ ಸುರಿದರೆ ಬೆಲ್ಲ ಶೇಕಡ ಎಷ್ಟು? ಇಪ್ಪತ್ತಾರು ಮಕ್ಕಳಲ್ಲಿ ಹದಿನೇಳು ಮಂದಿ 70 ಎಂದು ಬರೆದರು. ಆರು ಮಂದಿ 35 ಎಂದರು. ಉಳಿದ ಮೂವರು ಬರೆದದ್ದನ್ನು ಅಳಿಸಿ ಪಕ್ಕದವರ ಪುಸ್ತಕದತ್ತ ಕಣ್ಣು ಹಾಯಿಸುತ್ತಿದ್ದರು.

ಹಿಂದಿನ ವಾರವಷ್ಟೇ ಇದೇ ಬಗೆಯ ಐದು ಲೆಕ್ಕ ಮಾಡಿಸಿದ್ದೆ. ಕೋಷ್ಟಕ ಹಾಕಿಸಿದ್ದೆ, ಸೂತ್ರ ಬರೆಸಿದ್ದೆ, ಎಲ್ಲರೂ ಅಂದವಾಗಿ ನಕಲು ಮಾಡಿದ್ದರು. ಸಂಖ್ಯೆ ಬದಲಾಯಿಸಿದ ಕೂಡಲೇ ಕೋಷ್ಟಕ ಕುಸಿಯಿತು. ಅಂದು ಸಿಟ್ಟು ಮಕ್ಕಳ ಮೇಲೆ ಬಂದಿತ್ತು. ಮನೆಗೆ ಹೋದ ಮೇಲೆ ಅದು ತಿರುಗಿ ನನ್ನ ಮೇಲೆಯೇ ಬಂತು.

ನಾನು ವಿಜಯಪುರ ಜಿಲ್ಲೆಯವನು, ನೌಕರಿ ಸಿಕ್ಕಿದ್ದು ಮಲೆನಾಡಿನ ಸರ್ಕಾರಿ ಶಾಲೆಯಲ್ಲಿ. ಅಡಿಕೆ ತೋಟದ ಬದುಕು ನನಗೆ ಹೊಸದು. ಜೂನ್ ಕೊನೆಯ ವಾರ, ಹಿಂದಿನ ದಿನ ಶಾಲೆಗೆ ಬಾರದ ಹುಡುಗನೊಬ್ಬನನ್ನು ಕಾರಣ ಕೇಳಿದೆ. ತೋಟಕ್ಕೆ ಔಷಧಿ ಹೊಡೆಯುವವರು ಬಂದಿದ್ದರಂತೆ. ಯಾವ ಔಷಧಿ ಎಂದೆ. 'ಬೋರ್ಡೋ ಸಾರ್, ಒಂದು ಪರ್ಸೆಂಟ್' ಎಂದ.

ಶೇಕಡ ಎಂಬ ಪದಕ್ಕೇ ಬೆವರುವ ಹುಡುಗ ಅವನು. ಹೇಗೆ ಮಾಡುತ್ತೀರಿ ಎಂದು ಕೇಳಿದ್ದೇ ತಡ, ಅರ್ಧ ತರಗತಿ ಒಟ್ಟಿಗೆ ಮಾತಾಡತೊಡಗಿತು. ಒಂದು ಡ್ರಮ್ಮಿನಲ್ಲಿ 50 ಲೀಟರ್ ನೀರಿಗೆ ಒಂದು ಕಿಲೊ ಮೈಲುತುತ್ತ, ಅಂದರೆ ತಾಮ್ರದ ಸಲ್ಫೇಟ್, ಇನ್ನೊಂದರಲ್ಲಿ 50 ಲೀಟರ್ ನೀರಿಗೆ ಒಂದು ಕಿಲೊ ಸುಣ್ಣ. ಆಮೇಲೆ ಎರಡನ್ನೂ ಸೇರಿಸಬೇಕು. ಕಬ್ಬಿಣದ ಪಾತ್ರೆ ಬಳಸಬಾರದು. ಹದ ನೋಡಲು ಕತ್ತಿ ಅದ್ದಬೇಕು, ಕತ್ತಿಗೆ ಕೆಂಪು ಹತ್ತಿದರೆ ಸುಣ್ಣ ಸಾಲದು ಎಂದರ್ಥ. ಅಡಿಕೆಯ ಕೊಳೆರೋಗಕ್ಕೆ ಇದೇ ಮದ್ದು.

ನಾನು ಒಂದೇ ಪ್ರಶ್ನೆ ಕೇಳಿದೆ: ಸೇರಿಸುವ ಮೊದಲು ಮೈಲುತುತ್ತದ ಡ್ರಮ್ಮಿನಲ್ಲಿದ್ದದ್ದು ಎಷ್ಟು ಪರ್ಸೆಂಟ್? ಸ್ವಲ್ಪ ಹೊತ್ತು ಯಾರೂ ಮಾತಾಡಲಿಲ್ಲ. ಹಿಂದಿನ ಬೆಂಚಿನ ಹುಡುಗಿ, ಐವತ್ತಕ್ಕೆ ಒಂದು ಅಂದರೆ ನೂರಕ್ಕೆ ಎರಡು ಎಂದಳು. ಸುಣ್ಣದ ಡ್ರಮ್ಮಿನಲ್ಲಿ ಮೈಲುತುತ್ತ ಎಷ್ಟು? ಸೊನ್ನೆ. ಹಾಗಾದರೆ 2ಕ್ಕೆ 0 ಸೇರಿ 2 ಪರ್ಸೆಂಟೇ ಉಳಿಯಬೇಕಿತ್ತು, 1 ಹೇಗಾಯಿತು? 'ಮೈಲುತುತ್ತ ಅಷ್ಟೇ ಇದೆ ಸಾರ್, ನೀರು ಜಾಸ್ತಿಯಾಯಿತು.'

ಸೂತ್ರ ಬರೆಸಿ ನಾನು ಹೇಳಲಾಗದೆ ಹೋದ ಮಾತು ಅದು. ಮಕ್ಕಳು ಶೇಕಡವನ್ನು ಒಂದು ವಸ್ತು ಎಂದುಕೊಳ್ಳುತ್ತಾರೆ, ಎರಡು ಗೋಣಿ ಅಡಿಕೆಯಂತೆ ಕೂಡಲು ಹೊರಡುತ್ತಾರೆ. ಕೂಡಬಹುದಾದದ್ದು ಬೆಲ್ಲವನ್ನು, ಮೈಲುತುತ್ತವನ್ನು, ಒಟ್ಟು ತೂಕವನ್ನು. ಶೇಕಡವನ್ನಲ್ಲ.

ಮರುದಿನ ಮನೆಯ ಅಡುಗೆಮನೆಯಿಂದ ಡಿಜಿಟಲ್ ತಕ್ಕಡಿ, ಎರಡು ಪಾತ್ರೆ, ಬೆಲ್ಲ ಒಯ್ದೆ. ಒಂದರಲ್ಲಿ 60 ಗ್ರಾಂ ಬೆಲ್ಲ, 240 ಗ್ರಾಂ ನೀರು. ಇನ್ನೊಂದರಲ್ಲಿ 100 ಗ್ರಾಂ ಬೆಲ್ಲ, 100 ಗ್ರಾಂ ನೀರು. ಲೀಟರ್ ಬಿಟ್ಟು ಗ್ರಾಂ ಹಿಡಿದದ್ದು ಬೇಕೆಂದೇ. ಬೆಲ್ಲ ಕರಗಿದಾಗ ಪಾತ್ರೆಯ ಮಟ್ಟ ಎಷ್ಟು ಏರುತ್ತದೆ ಎಂಬ ತಕರಾರು ಶುರುವಾದರೆ ಪಾಠ ಅಲ್ಲಿಗೇ ನಿಲ್ಲುತ್ತದೆ, ತೂಕ ಮಾತ್ರ ಮೋಸ ಮಾಡುವುದಿಲ್ಲ. ಎರಡನ್ನೂ ಒಂದೊಂದು ಚಮಚ ರುಚಿ ನೋಡಿಸಿದೆ. ಬೆರೆಸುವ ಮೊದಲೇ ಕೇಳಿದೆ: ಬೆರೆಸಿದ್ದು ಈ ಗಟ್ಟಿ ಪಾನಕಕ್ಕಿಂತ ಹೆಚ್ಚು ಸಿಹಿಯಾಗಬಲ್ಲುದೇ? ಎಲ್ಲರೂ ನಕ್ಕರು. ಆ ನಗುವಿನಲ್ಲಿ 70 ಸತ್ತುಹೋಯಿತು. ಉತ್ತರ ಯಾವಾಗಲೂ ಎರಡರ ನಡುವೆಯೇ ಎಂದು ಆಮೇಲೆ ನಾನು ಹೇಳಬೇಕಾಗಿಯೇ ಬರಲಿಲ್ಲ.

35 ಅಷ್ಟು ಸುಲಭವಾಗಿ ಸಾಯಲಿಲ್ಲ. ಮಧ್ಯದ ಸಂಖ್ಯೆಯೇ ಅಲ್ಲವೇ, ತಪ್ಪೇನು? ಬೆಲ್ಲ ಎಣಿಸಿದೆವು: 60ಕ್ಕೆ 100 ಸೇರಿ 160 ಗ್ರಾಂ, ಒಟ್ಟು ತೂಕ 500 ಗ್ರಾಂ, ಅಂದರೆ ಶೇಕಡ 32. ಕಾಗದದ ಮೇಲೆ ಒಪ್ಪಿದರೂ ಮುಖಗಳು ಒಪ್ಪಲಿಲ್ಲ. ಆಗ ಒಂದು ಬಿದಿರಿನ ಕೋಲಿಗೆ ಮೂವತ್ತು ಸಮ ಗುರುತು ಹಾಕಿ ಒಂದು ತುದಿಯನ್ನು 20, ಇನ್ನೊಂದನ್ನು 50 ಎಂದು ಕರೆದೆ. 20ರ ಪಾನಕ 300 ಗ್ರಾಂ, 50ರದ್ದು 200 ಗ್ರಾಂ, ಆದ್ದರಿಂದ 20ರ ತುದಿಗೆ ಮೂರು ಪಠ್ಯಪುಸ್ತಕ, 50ರ ತುದಿಗೆ ಅಂಥವೇ ಎರಡು ಕಟ್ಟಿದೆ. ಕಾವಡಿ ಹೊರುವವನು ಹೆಗಲನ್ನು ಭಾರದ ಕಡೆಗೆ ಸರಿಸಿಕೊಳ್ಳುತ್ತಾನೆ, ಇದನ್ನು ಇವರಿಗೆ ಕಲಿಸಬೇಕಾಗಿಲ್ಲ. ಕೋಲು ಸಮತೂಗಿದ್ದು 20ರಿಂದ ಸುಮಾರು ಹನ್ನೆರಡನೆಯ ಗುರುತಿನಲ್ಲಿ, ಅಂದರೆ 32ರಲ್ಲಿ. ಮೂರು ಹನ್ನೆರಡಲ 36, ಎರಡು ಹದಿನೆಂಟಲ 36. ಎರಡೂ ಕಡೆ ಒಂದೇ ತೂಕವಾದರೆ ಮಾತ್ರ 35 ಸರಿ ಎಂದು ಮಕ್ಕಳೇ ಹೇಳಿದರು. ಎಷ್ಟೆಷ್ಟು ಬೆರೆಸಬೇಕು ಎಂದು ಉಲ್ಟಾ ಕೇಳುವ ಲೆಕ್ಕಗಳಿಗೂ ಇದೇ ಕೋಲು ಸಾಕಾಯಿತು. 24 ಕ್ಯಾರೆಟ್ ಮತ್ತು 18 ಕ್ಯಾರೆಟ್ ಚಿನ್ನದಿಂದ 22 ಕ್ಯಾರೆಟ್ ಬೇಕೇ? ಅಂತರ 24ರ ಕಡೆ 2, 18ರ ಕಡೆ 4, ಹತ್ತಿರದ ತುದಿಗೇ ಹೆಚ್ಚು ಭಾರ, ಆದ್ದರಿಂದ ಎರಡು ಪಾಲು 24ರದ್ದು, ಒಂದು ಪಾಲು 18ರದ್ದು.

ಈ ಚಿನ್ನದ ಲೆಕ್ಕ ನಮ್ಮಲ್ಲಿ ಹಳೆಯದು. ಅಮೋಘವರ್ಷ ನೃಪತುಂಗನ ಕಾಲದ ಮಹಾವೀರಾಚಾರ್ಯನ ಗಣಿತಸಾರಸಂಗ್ರಹದಲ್ಲಿ ಮಿಶ್ರಕ ವ್ಯವಹಾರ ಎಂಬ ಅಧ್ಯಾಯವೇ ಇದೆ, ಅಲ್ಲಿ ಚಿನ್ನದ ಶುದ್ಧತೆಯ ಅಳತೆಗೆ ವರ್ಣ ಎಂದು ಹೆಸರು, ಶುದ್ಧ ಚಿನ್ನಕ್ಕೆ 16 ವರ್ಣ. ಪ್ರತಿ ತುಂಡಿನ ತೂಕವನ್ನು ಅದರ ವರ್ಣದಿಂದ ಗುಣಿಸಿ, ಕೂಡಿ, ಒಟ್ಟು ತೂಕದಿಂದ ಭಾಗಿಸುವುದು ಅಲ್ಲಿನ ಕ್ರಮ. ಸಾವಿರ ವರ್ಷ ದಾಟಿದರೂ ನಾವು ಪಾನಕಕ್ಕೆ ಮಾಡಿದ್ದು ಅದನ್ನೇ.

ನನಗೆ ಅತ್ಯಂತ ಆಶ್ಚರ್ಯ ತಂದದ್ದು ಬೇರೊಂದು ತಪ್ಪು. ಶೇಕಡ 20ರ ಪಾನಕದಲ್ಲಿ ಅರ್ಧ ಚೆಲ್ಲಿದರೆ ಉಳಿದದ್ದು ಶೇಕಡ ಎಷ್ಟು? ಒಂಬತ್ತು ಮಂದಿ 10 ಎಂದರು, ಅವರಲ್ಲಿ ಜಾಣರೂ ಇದ್ದರು. ಚೆಲ್ಲುವಾಗ ಬೆಲ್ಲವೂ ನೀರೂ ಜೊತೆಗೇ ಹೋಗುತ್ತವೆ ಎಂಬುದು ಹೊಳೆಯಲು ಮತ್ತೆ ಚಮಚವೇ ಬೇಕಾಯಿತು. ಅಂದಿನಿಂದ ಯಾವ ಲೆಕ್ಕಕ್ಕೂ ಮೊದಲ ಪ್ರಶ್ನೆ ಒಂದೇ: ಇಲ್ಲಿ ಬದಲಾಗದೆ ಉಳಿದದ್ದು ಯಾವುದು?

ನೀರು ಬೆರೆಸಿದರೆ ಬೆಲ್ಲ ಬದಲಾಗದು. 500 ಗ್ರಾಂ ಶೇಕಡ 20ರ ಪಾನಕವನ್ನು ಶೇಕಡ 8ಕ್ಕೆ ಇಳಿಸಬೇಕಾದರೆ 100 ಗ್ರಾಂ ಬೆಲ್ಲವೇ ಹೊಸ ತೂಕದ ನೂರಕ್ಕೆ ಎಂಟು ಆಗಬೇಕು. ಹೊಸ ತೂಕ 1250, ಬೆರೆಸಬೇಕಾದ ನೀರು 750 ಗ್ರಾಂ. ಒಣಗಿಸಿದಾಗಲೂ ಹಾಗೆಯೇ. ಇಲ್ಲಿ ನಮ್ಮೂರ ಕಡೆಯ ದ್ರಾಕ್ಷಿ ತಂದೆ: 100 ಕಿಲೊ ಹಣ್ಣಿನಲ್ಲಿ ನೀರು ಶೇಕಡ 80, ಒಣದ್ರಾಕ್ಷಿಯಲ್ಲಿ ಶೇಕಡ 15 ಎಂದಿಟ್ಟುಕೊಂಡರೆ ತೂಕ ಎಷ್ಟು ಉಳಿಯುತ್ತದೆ? ಎಲ್ಲರೂ ನೀರಿನ ಬೆನ್ನು ಹತ್ತಿದರು. ನೀರನ್ನು ಬಿಟ್ಟು ಒಳಗಿನ 20 ಕಿಲೊ ತಿರುಳು ಹಿಡಿದವರು ಇಬ್ಬರೇ. ಅದೇ ಈಗ ನೂರಕ್ಕೆ 85, ಹಾಗಾಗಿ ಉಳಿದದ್ದು ಸುಮಾರು 23.5 ಕಿಲೊ. ನಾಲ್ಕು ಕಿಲೊ ಹಣ್ಣಿಗೆ ಒಂದು ಕಿಲೊ ಒಣದ್ರಾಕ್ಷಿ ಎಂಬ ನಮ್ಮೂರಿನ ಬಾಯಿಲೆಕ್ಕದ ಹತ್ತಿರಕ್ಕೇ ಬಂತು.

ವರ್ಷದ ಕೊನೆಗೆ ಅದೇ ಹಿಂದಿನ ಬೆಂಚಿನ ಹುಡುಗಿ ಟಿಪ್ಪಣಿ ಪುಸ್ತಕ ಹಿಡಿದು ಬಂದಳು. ನೂರು ಲೀಟರ್ ನೀರೆಂದರೆ ನೂರು ಕಿಲೊ, ಮೈಲುತುತ್ತವೂ ಸುಣ್ಣವೂ ಸೇರಿದರೆ 102 ಕಿಲೊ, ಹಾಗಾದರೆ ಬೋರ್ಡೋ ಒಂದು ಪರ್ಸೆಂಟ್ ಅಲ್ಲವಲ್ಲ ಸಾರ್, 0.98 ಅಲ್ಲವೇ ಎಂದಳು. ಲೆಕ್ಕ ಸರಿಯಿತ್ತು. ಮನೆಯಲ್ಲಿ ಅಪ್ಪನಿಗೂ ಹೇಳಿದ್ದಳಂತೆ. ಅವರು ಕತ್ತಿ ಅದ್ದಿ ನೋಡು ಎಂದರಂತೆ.