ವಿಪಿಎನ್ ಬಿಟ್ಟು ಝೀರೋ ಟ್ರಸ್ಟ್‌ಗೆ ಬಂದೆವು: ನನ್ನ ಅನುಭವ

ಪೀಣ್ಯದ ಒಂದು ಬಿಡಿಭಾಗಗಳ ಕಾರ್ಖಾನೆಯಲ್ಲಿ ನೆಟ್‌ವರ್ಕ್ ನೋಡಿಕೊಳ್ಳುತ್ತೇನೆ. ಒಂದು ದಿನ ವಿಪಿಎನ್ (ಹೊರಗಿನಿಂದ ಆಫೀಸ್ ನೆಟ್‌ವರ್ಕ್‌ಗೆ ಸೇರುವ ದಾರಿ) ಲಾಗ್, ಅಂದರೆ ಯಾರು ಯಾವಾಗ ಬಂದರು ಎಂಬ ದಾಖಲೆ, ನೋಡುತ್ತಿದ್ದಾಗ ಎದೆ ಧಸಕ್ಕೆಂದಿತು. ಎಂಟು ತಿಂಗಳ ಹಿಂದೆಯೇ ಕೆಲಸ ಮುಗಿಸಿ ಹೋಗಿದ್ದ ಗುತ್ತಿಗೆದಾರರೊಬ್ಬರ ಖಾತೆಯಿಂದ ರಾತ್ರಿ ಎರಡು ಗಂಟೆಗೆ ಲಾಗಿನ್ ಆಗಿತ್ತು. ಏನೂ ಕಳೆದಿರಲಿಲ್ಲ, ಅದೇ ಪುಣ್ಯ. ಆದರೆ ಹಾಗೆ ಒಳಗೆ ಬಂದವರಿಗೆ ಲೆಕ್ಕಪತ್ರದ ಟ್ಯಾಲಿ ಸರ್ವರ್, ಡ್ರಾಯಿಂಗ್ ಫೈಲು, ಸಿಸಿಟಿವಿ ಎಲ್ಲವೂ ಸಿಗುತ್ತಿತ್ತು.

ಝೀರೋ ಟ್ರಸ್ಟ್ ಎಂಬ ಮಾತನ್ನು 2010ರಲ್ಲಿ ಫಾರೆಸ್ಟರ್ ಎಂಬ ಸಂಶೋಧನಾ ಸಂಸ್ಥೆಯಲ್ಲಿದ್ದ ಜಾನ್ ಕಿಂಡರ್‌ವಾಗ್ ಚಾಲ್ತಿಗೆ ತಂದರು. 2009ರಲ್ಲಿ ತನ್ನ ಮೇಲೆ ನಡೆದ ಸೈಬರ್ ದಾಳಿಯ ನಂತರ ಗೂಗಲ್ ತನ್ನ ನೌಕರರು ವಿಪಿಎನ್ ಇಲ್ಲದೆಯೇ ಕೆಲಸ ಮಾಡುವ ವ್ಯವಸ್ಥೆ ಕಟ್ಟಿತು. ನಾನು ಹಿಡಿದುಕೊಂಡದ್ದು ಇಷ್ಟು: ಆಫೀಸಿನ ಒಳಗಿದ್ದಾರೆ ಅಂತ ಸುಮ್ನೆ ನಂಬಬಾರದು. ಯಾರು, ಯಾವ ಕಂಪ್ಯೂಟರಿನಿಂದ, ಯಾವ ಕೆಲಸಕ್ಕೆ ಅಂತ ಪ್ರತಿ ಸಲ ಕೇಳಬೇಕು.

ಸಾಫ್ಟ್‌ವೇರ್ ಭಾಗ ಬೇಗ ಮುಗಿಯಿತು. ಕೀಕ್ಲೋಕ್ ಎಂಬ ಲಾಗಿನ್ ಸಾಫ್ಟ್‌ವೇರ್‌ನಲ್ಲಿ ಎಲ್ಲರ ಖಾತೆ ಒಂದೇ ಕಡೆ ತಂದೆ, ಲಾಗಿನ್‌ಗೆ ಯುಎಸ್‌ಬಿ ಸೆಕ್ಯುರಿಟಿ ಕೀ ಕಡ್ಡಾಯ ಮಾಡಿದೆ, ಅಪ್ಲಿಕೇಶನ್‌ಗಳ ಮುಂದೆ ಪ್ರಾಕ್ಸಿ (ಬರುವವರನ್ನು ತಪಾಸಿಸಿ ಒಳಗೆ ಬಿಡುವ ಸರ್ವರ್) ಇಟ್ಟೆ. ಜಾಸ್ತಿ ಕಷ್ಟವಾದದ್ದು ಯಾರಿಗೆ ಏನು ಬೇಕು ಅಂತ ತಿಳಿಯುವುದು. ನಾಲ್ಕು ವಾರ ನೆಟ್‌ವರ್ಕ್‌ನ ಕಾವಲುಗಾರ ಫೈರ್‌ವಾಲ್ ಏನನ್ನೂ ತಡೆಯದೆ ಬರೀ ದಾಖಲಿಸಲಿ ಅಂತ ಬಿಟ್ಟೆ. ಆಮೇಲೆ ಲಾಗ್ ಹಿಡಿದು ಒಂದೊಂದೇ ವಿಭಾಗಕ್ಕೆ ಹೋಗಿ ಕೇಳಿದೆ. ಅದರಂತೆ ನಿಯಮ ಬರೆದು ಉಳಿದದ್ದನ್ನು ತಡೆದೆ.

ಅದೂ ಸಾಲಲಿಲ್ಲ. ಜುಲೈ ಕೊನೆಗೆ ಅಕೌಂಟ್ಸ್ ಮೇಡಂ ಫೋನ್ ಮಾಡಿದರು. "ಸರ್, ಫೋಲ್ಡರ್ ಓಪನ್ ಆಗ್ತಿಲ್ಲ. ಇವತ್ತು 31, ಟಿಡಿಎಸ್ ರಿಟರ್ನ್ ಹಾಕ್ಬೇಕು." ಆ ಫೋಲ್ಡರ್ ಬೇಕಾಗುವುದೇ ಮೂರು ತಿಂಗಳಿಗೊಮ್ಮೆ. ನಾಲ್ಕು ವಾರದ ಲಾಗ್‌ನಲ್ಲಿ ಅದು ಕಾಣುವುದಾದರೂ ಹೇಗೆ? ಹತ್ತು ನಿಮಿಷದಲ್ಲಿ ನಿಯಮ ಸೇರಿಸಿದೆ. ನೀವು ಶುರು ಮಾಡುವುದಾದರೆ ಮೂರು ತಿಂಗಳಾದರೂ ಬರೀ ಲಾಗ್ ನೋಡಿ.

ಸಿಎನ್‌ಸಿ (ಕಂಪ್ಯೂಟರ್ ನಿಯಂತ್ರಿತ) ಯಂತ್ರದ ಕಂಪ್ಯೂಟರ್ ಇನ್ನೂ ವಿಂಡೋಸ್ 7. ಅದಕ್ಕೆ ಮೈಕ್ರೋಸಾಫ್ಟ್ ಬೆಂಬಲ ನಿಂತದ್ದು 2020ರ ಜನವರಿಯಲ್ಲಿ. ಬದಲಿಸಿದರೆ ಯಂತ್ರ ಓಡುವುದಿಲ್ಲ. ಹಾಗಾಗಿ ಅದನ್ನು ಬೇರೆ ವಿಲ್ಯಾನ್‌ಗೆ (ನೆಟ್‌ವರ್ಕ್‌ನೊಳಗೇ ಬೇರ್ಪಡಿಸಿದ ಭಾಗ) ಹಾಕಿದೆ. ಡ್ರಾಯಿಂಗ್ ಸರ್ವರ್‌ನ, ಫೈಲ್ ಹಂಚಿಕೆಗೆ ಬಳಸುವ 445 ಪೋರ್ಟ್ ಒಂದಕ್ಕೇ ದಾರಿ, ಅದೂ ಓದಲು ಮಾತ್ರ. ಮುಂದೆ ಕೂತವರು ಯಾರು ಅಂತ ಅಲ್ಲಿ ಕೇಳಲಾಗದು, ನಿಜ. ಆದರೆ ಅದಕ್ಕೆ ವೈರಸ್ ಬಂದರೂ ಅಲ್ಲಿಂದ ಟ್ಯಾಲಿಗೆ ದಾರಿಯಿಲ್ಲ.

ಹೋದ ತಿಂಗಳು ಡಿಸೈನ್ ವಿಭಾಗದ ಹುಡುಗನೊಬ್ಬ ಕೆಲಸ ಬಿಟ್ಟ. ಸಂಜೆ 6ಕ್ಕೆ ಎಚ್‌ಆರ್ ಅವನ ಖಾತೆ ಮುಚ್ಚಿದರು. ನಾನು ಪ್ರಾಕ್ಸಿ ಲಾಗ್ ತೆರೆದು ಕೂತಿದ್ದೆ. 6.05ಕ್ಕೆ ಅವನ ಕೊನೆಯ ಸೆಷನ್ ಕಡಿಯಿತು.