ಮಾಳಿಗೆ ಮೇಲೆ ಒಂದು ವರ್ಷ, ಒಂದೇ ವಿಧಿ

ಪಾಶ್ಚಾತ್ಯ ಮಾಂತ್ರಿಕ ವಿಧಿ ಕಲಿಯಲು ಹೊರಟ ಮೊದಲ ಮೂರು ತಿಂಗಳು ನಾನು ಓದಿದ್ದೇ ಜಾಸ್ತಿ, ಮಾಡಿದ್ದು ಏನೂ ಇಲ್ಲ. ಲಂಡನ್ನಿನಲ್ಲಿ 1888ರಲ್ಲಿ ಶುರುವಾದ ಗೋಲ್ಡನ್ ಡಾನ್ ಎಂಬ ಗುಪ್ತ ಸಂಘದ ವಿಧಿಗಳನ್ನು ಲೇಖಕ ಇಸ್ರೇಲ್ ರೆಗಾರ್ಡಿ 1937ರಿಂದ ಅಚ್ಚು ಹಾಕಿಸಿದರು. ಒಬ್ಬರೇ ಕಲಿಯುವವರಿಗೆ ದಾರಿ ಆದದ್ದು ಅದೇ. ಆದರೆ ಅದರಲ್ಲಿ ಹೀಬ್ರೂ, ಟ್ಯಾರೋ ಎಂಬ ಚಿತ್ರದ ಎಲೆಗಳು, ಜ್ಯೋತಿಷ್ಯ, ಕಬ್ಬಾಲ ಎಂಬ ಯಹೂದಿ ಅನುಭಾವ ವಿದ್ಯೆ ಎಲ್ಲವೂ ಇದೆ. ರಾಯಚೂರಿನಲ್ಲಿ ಕೇಳೋಣ ಅಂದರೆ ಗುರು ಸಿಗಲಿಲ್ಲ. ಕೊನೆಗೆ ಎಲ್ಲ ಬದಿಗಿಟ್ಟು, ಪಂಚಕೋನ ನಕ್ಷತ್ರದ ಕಿರು ವಿಧಿ ಒಂದನ್ನೇ ಹಿಡಿದೆ. ದಿನಾ ಬೆಳಿಗ್ಗೆ 5ಕ್ಕೆ, ಬಾಡಿಗೆ ಮನೆಯ ಮಾಳಿಗೆ ಮೇಲೆ.

ಪೂರ್ವಕ್ಕೆ ನಿಂತು ಹಣೆ, ಎದೆ, ಎರಡೂ ಹೆಗಲು ಮುಟ್ಟಬೇಕು. ಆಮೇಲೆ ಪ್ರದಕ್ಷಿಣೆ ಬರುತ್ತಾ ನಾಲ್ಕು ದಿಕ್ಕಿಗೂ ಗಾಳಿಯಲ್ಲಿ ನಕ್ಷತ್ರ ಬರೆದು, ಒಂದೊಂದಕ್ಕೂ ದೇವರ ಒಂದು ಹೀಬ್ರೂ ಹೆಸರು ನುಡಿಯಬೇಕು. ನಮ್ಮ ದಿಗ್ಬಂಧನ ನೆನಪಾಗುತ್ತದೆ, ಅಲ್ವಾ? ನನಗೂ ಆಯಿತು. ಆದರೆ ಎರಡನ್ನೂ ಬೆರೆಸಲಿಲ್ಲ.

ನಕ್ಷತ್ರವೇ ಕಷ್ಟ. ಎಡ ಸೊಂಟದಿಂದ ಹಣೆಯ ನೇರಕ್ಕೆ, ಅಲ್ಲಿಂದ ಬಲ ಸೊಂಟ, ಎಡ ಹೆಗಲು, ಬಲ ಹೆಗಲು, ಮತ್ತೆ ಎಡ ಸೊಂಟ. ಕೊನೆಯ ಗೆರೆ ಹೊರಟ ಜಾಗಕ್ಕೆ ಬಂದು ಕೂಡುತ್ತಲೇ ಇರಲಿಲ್ಲ. ಗೋಡೆ ಮೇಲೆ ಇದ್ದಿಲಿನಿಂದ ನಕ್ಷತ್ರ ಬರೆದು, ಅದರ ಮೇಲೆ ಬೆರಳಾಡಿಸಿ ಎರಡು ವಾರ ಕಲಿತೆ. ಅದು ಮನೆಯ ಹಿರಿಯಮ್ಮನ ಕಣ್ಣಿಗೆ ಬಿತ್ತು.

"ತಮ್ಮಾ, ಗ್ವಾಡಿ ಮ್ಯಾಲೆ ಏನ್ ಬರ್ದಿ? ನಸುಕಿನ್ಯಾಗ ಯಾರ ಕೂಡ ಮಾತಾಡ್ತಿ?"

ಬಾನಾಮತಿಯ ಭಯ ಇನ್ನೂ ಇರುವ ಸೀಮೆ ಇದು. ಪ್ರಾರ್ಥನೆ ಅಂತ ತಿಳಿಸಿ ಹೇಳಿದೆ, ಗೋಡೆ ಒರೆಸಿದೆ, ದನಿ ತಗ್ಗಿಸಿದೆ. ತಗ್ಗಿಸಿದ ಮೇಲೇ ಗೊತ್ತಾಗಿದ್ದು: ಹೆಸರು ಎದೆಯಲ್ಲಿ ಝೇಂಕರಿಸಲು ಗಟ್ಟಿ ದನಿ ಬೇಕಿಲ್ಲ, ಉದ್ದ ಉಸಿರು ಬೇಕು.

ಈ ವಿಧಿಯಲ್ಲಿ ಪೂರ್ವ ಗಾಳಿಗೆ, ದಕ್ಷಿಣ ಬೆಂಕಿಗೆ, ಪಶ್ಚಿಮ ನೀರಿಗೆ, ಉತ್ತರ ಮಣ್ಣಿಗೆ. ನಮಗೋ ನೀರು ಅಂದರೆ ಉತ್ತರಕ್ಕೆ ಕೃಷ್ಣೆ, ದಕ್ಷಿಣಕ್ಕೆ ತುಂಗಭದ್ರೆ. ಪೂರ್ವಕ್ಕೆ ಮುಖ ಮಾಡಿ ದಿಕ್ಕಿಗೊಬ್ಬ ದೇವದೂತನನ್ನು ಕರೆಯುವಾಗ ಬೆನ್ನ ಹಿಂದೆ ನಿಲ್ಲುವವನು ನೀರಿನ ದೇವದೂತ ಗೇಬ್ರಿಯಲ್. ತಿಂಗಳುಗಟ್ಟಲೆ ಬೆನ್ನಿಗೆ ಏನೂ ತಾಗಲಿಲ್ಲ. ಡೈರಿಯಲ್ಲಿ ದಿನಾ ಬರೆದೆ: "ಪಶ್ಚಿಮ ಖಾಲಿ." ಸುಳ್ಳು ಬರೆಯಬಾರದು ಅಂತ ಮೊದಲೇ ಗಟ್ಟಿ ಮಾಡಿಕೊಂಡಿದ್ದೆ.

ಜೂನ್‌ನ ಒಂದು ನಸುಕಿನಲ್ಲಿ ಮುಂಗಾರಿನ ಗಾಳಿ ಪಶ್ಚಿಮದಿಂದ ಬಂತು. ಗೇಬ್ರಿಯಲ್ ಹೆಸರು ಎಳೆಯುತ್ತಿದ್ದೆ. ಬೆವೆತ ಅಂಗಿ ಬೆನ್ನಿಗೆ ತಣ್ಣಗೆ ಅಂಟಿತು. ಮೈ ಜುಮ್ಮೆಂದಿತು. ಬರೀ ಗಾಳಿ ಅಂತ ಗೊತ್ತು. ಆದರೂ ನಮಗೆ ಮಳೆ ಬರುವ ದಿಕ್ಕು ಪಶ್ಚಿಮವೇ ಅನ್ನುವುದು ಅವತ್ತೇ ಹೊಳೆದದ್ದು. ಆಮೇಲೆ ಗಾಳಿಯೇ ಇಲ್ಲದ ದಿನವೂ ಬೆನ್ನು ಆ ತಂಪನ್ನು ನೆನೆಯುತ್ತದೆ.