ಪಿಂಚಣಿ ಕಡಿತದ ಆದೇಶ ಬಂದಿದೆಯೇ? ಮೊದಲು ತಾರೀಖು ನೋಡಿ

ನಿವೃತ್ತಿಯಾಗಿ ಮನೆಯಲ್ಲಿದ್ದವರಿಗೆ ಒಂದು ದಿನ ರಿಜಿಸ್ಟರ್ ಪೋಸ್ಟ್ ಬರುತ್ತದೆ. ಪಿಂಚಣಿಯಲ್ಲಿ ಇಷ್ಟು ಭಾಗ ಕಡಿತ ಎಂದು ಬರೆದಿರುತ್ತದೆ. ಕೂಡಲೇ ‘ನಾನು ತಪ್ಪೇ ಮಾಡಿಲ್ಲ’ ಎಂದು ವಾದಕ್ಕಿಳಿಯುವವರೇ ಜಾಸ್ತಿ. ಅದಕ್ಕೂ ಮೊದಲು ತಾರೀಖುಗಳನ್ನು ಲೆಕ್ಕ ಹಾಕಿ. ಲಕೋಟೆಯನ್ನೂ ಎತ್ತಿಡಿ, ಆದೇಶ ಕೈಗೆ ಸಿಕ್ಕ ದಿನಕ್ಕೆ ಅದೇ ಸಾಕ್ಷಿ.

ರಾಜ್ಯ ಸರ್ಕಾರಿ ನೌಕರರ ಹಳೆ ಪಿಂಚಣಿಗೆ ಕೈ ಹಾಕಲು ಸರ್ಕಾರಕ್ಕಿರುವ ಅಧಿಕಾರ ಕರ್ನಾಟಕ ನಾಗರಿಕ ಸೇವಾ ನಿಯಮಗಳ 214ನೇ ನಿಯಮದ್ದು. ಸೇವೆಯಲ್ಲಿದ್ದಾಗ ಗಂಭೀರ ದುರ್ನಡತೆ ಅಥವಾ ನಿರ್ಲಕ್ಷ್ಯ ನಡೆದಿದೆ ಎಂದು ವಿಚಾರಣೆಯಲ್ಲಿ ಸಾಬೀತಾಗಿರಬೇಕು. ಇಲಾಖಾ ವಿಚಾರಣೆ ನಿವೃತ್ತಿಯ ನಂತರ ಶುರುವಾಗಿದ್ದರೆ ಸರ್ಕಾರದ ಮಂಜೂರಾತಿ ಬೇಕು, ಘಟನೆ ನಾಲ್ಕು ವರ್ಷಕ್ಕಿಂತ ಹಳೆಯದಾಗಿರಬಾರದು. ಉದಾಹರಣೆಗೆ, ಘಟನೆ 2018ರ ಜೂನ್‌ನದು, ನಿವೃತ್ತಿ 2023ರ ಮೇನಲ್ಲಿ, ದೋಷಾರೋಪಣೆ ಪಟ್ಟಿ ಕೊಟ್ಟದ್ದು ಜುಲೈನಲ್ಲಿ ಎಂದಿಟ್ಟುಕೊಳ್ಳಿ. ಐದು ವರ್ಷ ದಾಟಿತು, ಅಲ್ವಾ? ಮೊದಲೇ ಅಮಾನತು ಆಗಿದ್ದರೆ ವಿಚಾರಣೆ ಆ ದಿನವೇ ಶುರುವಾದಂತೆ ಲೆಕ್ಕ. ಹಾಗೆ ಆಗಿರದಿದ್ದರೆ ಇದೊಂದೇ ಅಂಶ ನಿಮ್ಮ ಕೇಸಿನ ಬೆನ್ನೆಲುಬು.

ಮುಂದೆ ಕಾಗದ ಕೂಡಿಸಿ. ದೋಷಾರೋಪಣೆ ಪಟ್ಟಿ, ನಿಮ್ಮ ಉತ್ತರ, ವಿಚಾರಣಾ ವರದಿ, ಶೋಕಾಸ್ ನೋಟಿಸ್ ಎಲ್ಲವೂ ಬೇಕು. ಇಲ್ಲದ್ದಕ್ಕೆ 10 ರೂಪಾಯಿ ಶುಲ್ಕ ಕಟ್ಟಿ ಮಾಹಿತಿ ಹಕ್ಕಿನ ಅರ್ಜಿ ಹಾಕಿ. ವಿಚಾರಣಾ ವರದಿಯ ಪ್ರತಿ ಕೊಡದೆ ಶಿಕ್ಷೆ ಕೊಟ್ಟಿದ್ದರೆ, ಅದರಿಂದ ನಿಮಗೆ ಹೇಗೆ ತೊಂದರೆಯಾಯಿತು ಎಂಬುದನ್ನು ಕೇಸಿನ ಅರ್ಜಿಯಲ್ಲಿ ಬಿಡಿಸಿ ಬರೆಸಿ.

ಕೇಸು ಹಾಕಬೇಕಾದ್ದು ರಾಜ್ಯ ಆಡಳಿತ ನ್ಯಾಯಮಂಡಳಿಯಲ್ಲಿ, ಅಂದರೆ ಕೆಎಟಿಯಲ್ಲಿ. ಕಲಬುರಗಿಯಲ್ಲೇ ಅದರ ಪೀಠವಿದೆ. ಬೀದರ್, ಯಾದಗಿರಿಯವರು ಬೆಂಗಳೂರಿಗೆ ರಾತ್ರಿ ಬಸ್ಸು ಹತ್ತಬೇಕಿಲ್ಲ. ನಿಗಮ, ಮಂಡಳಿಗಳಲ್ಲಿ ಇದ್ದವರು ತಮ್ಮ ಕೇಸು ಎಲ್ಲಿಗೆ ಹೋಗುತ್ತದೆ ಎಂದು ವಕೀಲರನ್ನು ಮೊದಲೇ ಕೇಳಿಕೊಳ್ಳಲಿ.

ಅಂತಿಮ ಆದೇಶದ ತಾರೀಖಿನಿಂದ ಒಂದು ವರ್ಷದೊಳಗೆ ಅರ್ಜಿ ಬೀಳಬೇಕು. ನಮ್ಮ ಹಿರಿಯರು ಎಡವುವುದು ಇಲ್ಲೇ. ಮಂತ್ರಿಗಳಿಗೊಂದು, ಕಾರ್ಯದರ್ಶಿಗೊಂದು ಮನವಿ ಕೊಟ್ಟು ಸುಮ್ನೆ ಕಾಯುತ್ತಾರೆ. ಹೀಗೆ ಮನವಿ ಮೇಲೆ ಮನವಿ ಕೊಟ್ಟರೆ ಗಡುವು ಮುಂದಕ್ಕೆ ಹೋಗುವುದಿಲ್ಲ. ನಿಯಮದಲ್ಲೇ ಮೇಲ್ಮನವಿಗೆ ಅವಕಾಶವಿದ್ದರೆ ಮಾತ್ರ ಅದನ್ನು ಮೊದಲು ಹಾಕಿ. ಆರು ತಿಂಗಳು ಉತ್ತರ ಬರದಿದ್ದರೆ, ಅಲ್ಲಿಂದ ಮತ್ತೊಂದು ವರ್ಷ ಸಮಯ ಸಿಗುತ್ತದೆ. ತಡವಾಗಿದ್ದರೆ ಸರಿಯಾದ ಕಾರಣ ತೋರಿಸಿ, ಆಸ್ಪತ್ರೆ ಚೀಟಿಯಂಥ ದಾಖಲೆ ಲಗತ್ತಿಸಿ, ವಿಳಂಬ ಮನ್ನಿಸಲು ಕೇಳಬಹುದು.

ಅರ್ಜಿಯ ಜೊತೆಗೇ ಮಧ್ಯಂತರ ತಡೆಯಾಜ್ಞೆ ಕೇಳಿ. ಕೇಸು ವರ್ಷಗಟ್ಟಲೆ ಎಳೆದರೆ ಅಷ್ಟೂ ತಿಂಗಳು ಕಡಿತ ನಡೆಯುತ್ತಲೇ ಇರುತ್ತದೆ. ಔಷಧಿಗೆ ಆ ದುಡ್ಡನ್ನೇ ನಂಬಿದವರಿಗೆ ಇದು ಸಣ್ಣ ಮಾತಲ್ಲ. ಪಿಂಚಣಿ ಸರ್ಕಾರದ ಭಿಕ್ಷೆಯಲ್ಲ, ನೌಕರರ ಹಕ್ಕು ಎಂದು ಸುಪ್ರೀಂ ಕೋರ್ಟ್ 1971ರಲ್ಲೇ ಹೇಳಿದೆ. ನಿಯಮದ ಆಧಾರವಿಲ್ಲದೆ ಬರೀ ಆಡಳಿತಾತ್ಮಕ ಸುತ್ತೋಲೆಯಿಂದ ಅದನ್ನು ತಡೆಯುವಂತಿಲ್ಲ ಎಂದು 2013ರಲ್ಲಿ ಮತ್ತೆ ಹೇಳಿತು.

ಕೆಎಟಿಯಲ್ಲಿ ಸೋತರೆ ಕಲಬುರಗಿಯ ಹೈಕೋರ್ಟ್ ಪೀಠದಲ್ಲಿ ರಿಟ್ ಅರ್ಜಿ ಹಾಕಬಹುದು. ಇಬ್ಬರು ನ್ಯಾಯಮೂರ್ತಿಗಳು ಅದನ್ನು ಕೇಳುತ್ತಾರೆ. ವಕೀಲರ ಫೀಸಿಗೆ ಹೆದರಿ ಹಿಂದೆ ಸರಿಯುವವರೂ ಇದ್ದಾರೆ. ಮಹಿಳೆಯರಿಗೆ ಮತ್ತು ಪರಿಶಿಷ್ಟ ಜಾತಿ, ಪಂಗಡದವರಿಗೆ ಆದಾಯ ಎಷ್ಟೇ ಇರಲಿ, ಕಾನೂನು ನೆರವು ಉಚಿತ. ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರದಲ್ಲಿ ವಿಚಾರಿಸಿ, ಹೋಗುವಾಗ ಆದೇಶದ ಪ್ರತಿ ಮತ್ತು ಆ ಲಕೋಟೆ ಕೈಯಲ್ಲಿರಲಿ.